ವಾಣಕ್ಕೆ ಕೊಟ್ಟ ಟೊಮ್ಯಾಟೊ ಸಸಿ

ಸೊಪ್ಪು ಕೊಳ್ಳಲು ಹೋದಾಗ ಎಲೆಯನ್ನು ತಿರುವಿ ಅದರ ಬೆನ್ನು ನೋಡುವ ಚಟವೊಂದು ನನಗೆ ಅಂಟಿಕೊಂಡಿದೆ. ಮೆಂತ್ಯವಾದರೂ ಅಷ್ಟೆ, ಪಾಲಕವಾದರೂ ಅಷ್ಟೆ. ಮೊನ್ನೆ ನಾಗಪುರದ ಸೀತಾಬರ್ಡಿ ಮಾರುಕಟ್ಟೆಯಲ್ಲಿ ಬುಟ್ಟಿ ಇಟ್ಟುಕೊಂಡು ಕೂತಿದ್ದ ಹೆಂಗಸು ನಾನು ಒಂದೊಂದೇ ಎಲೆ ಮಗುಚುವುದನ್ನು ಸ್ವಲ್ಪ ಹೊತ್ತು ನೋಡಿ, ನೀವು ಸೊಪ್ಪು ಕೊಳ್ಳಲು ಬಂದಿರೋ ಹೆಣ್ಣು ನೋಡಲು ಬಂದಿರೋ ಎಂದು ಮರಾಠಿಯಲ್ಲಿ ಕೇಳಿದಳು. ಸುತ್ತಲಿನವರು ನಕ್ಕರು. ನಾನೂ ನಕ್ಕೆ, ಆದರೆ ಕೈಯಲ್ಲಿದ್ದ ಎಲೆಯನ್ನು ತಿರುವಿ ನೋಡಿಯೇ ಕೆಳಗಿಟ್ಟೆ. ಇದಕ್ಕೂ ಹಿಂದೆ ಒಂದು ಮದುವೆ ಮನೆಯಲ್ಲಿ ಊಟಕ್ಕೆ ಕೂತಾಗ, ನೀರು ಚಿಮುಕಿಸಿಟ್ಟ ಬಾಳೆ ಎಲೆಯನ್ನೇ ಎತ್ತಿ ಹಿಂದೆ ನೋಡಿದ್ದೆ. ಆ ನೀರೆಲ್ಲ ಪಕ್ಕದವರ ರೇಷ್ಮೆ ಸೀರೆಯ ಮೇಲೆ ಹೋಯಿತು. ಅವರು ಬೀಗರ ಕಡೆಯವರಾಗಿದ್ದರು.

ನೀವು ನನ್ನನ್ನು ಅರೆಹುಚ್ಚಿ ಎಂದುಕೊಳ್ಳುವ ಮೊದಲು ನನ್ನ ವಿಷಯ ಹೇಳಿಬಿಡುತ್ತೇನೆ. ನನ್ನ ಹೆಸರು ಶಾಂತಾ. ಹೆಸರಿಟ್ಟವರು ಸ್ವಲ್ಪ ದಿನ ಕಾದು ನೋಡಿ ಇಡಬೇಕಿತ್ತು. ತವರು ಧಾರವಾಡ. ನಮ್ಮವರು ರೈಲ್ವೆಯಲ್ಲಿದ್ದಾರೆ. ನಾಗಪುರಕ್ಕೆ ವರ್ಗವಾದಾಗ ಒಂದೆರಡು ವರ್ಷದ ಮಾತು ಎಂದುಕೊಂಡು ಬಂದವರು ಇಲ್ಲೇ ತಲೆ ಹಣ್ಣು ಮಾಡಿಕೊಂಡಿದ್ದೇವೆ. ಗ್ಯಾಸ್ ಬಂದ್ ಮಾಡಿದೆನೋ ಇಲ್ಲವೋ ಎಂಬ ಅನುಮಾನಕ್ಕೆ ಮೆಟ್ರೋ ನಿಲ್ದಾಣದ ಮೆಟ್ಟಿಲಿನಿಂದ ಮನೆಗೆ ಓಡಿಬಂದವಳು ನಾನು. ಮಗಳು ಫೋನ್ ಎತ್ತುವುದು ತಡವಾದರೆ ಅವಳ ಗೆಳತಿಯರಿಗೆಲ್ಲ ಫೋನ್ ಮಾಡಿ ಅವಳ ಮಾನ ಕಳೆದಿದ್ದೇನೆ. "ಚಿಂತಿ ಮಾಡಾಕ ಏನೂ ಸಿಗಲಿಲ್ಲಂದ್ರ ಇಕಿ ಅದರದೂ ಚಿಂತಿ ಮಾಡತಾಳ" ಎಂದು ನಮ್ಮವರು ಬಂದವರಿಗೆಲ್ಲ ಹೇಳುತ್ತಾರೆ. ಬಂದವರು ನಗುತ್ತಾರೆ, ನಾನು ಚಹಾ ಸೋಸುತ್ತೇನೆ.

ಈ ತಿರುವಿ ನೋಡುವುದು ನಮ್ಮ ಮನೆತನದಲ್ಲೇ ಇತ್ತೇನೋ. ಧಾರವಾಡದಲ್ಲಿ ನಮ್ಮಜ್ಜಿ ಯಾವ ಮಗು ಎದುರು ಬಂದರೂ ಗದ್ದ ಹಿಡಿದು ಕಣ್ಣಿನ ಕೆಳರೆಪ್ಪೆ ಎಳೆದು ನೋಡುತ್ತಿದ್ದಳು. ಒಳಗೆ ಕೆಂಪಗಿದ್ದರೆ ಬಿಡುತ್ತಿದ್ದಳು, ಬಿಳಿಚಿದ್ದರೆ ನುಗ್ಗೆ ಸೊಪ್ಪಿನ ಪಲ್ಯ ಖಚಿತ. ನೆರೆಮನೆಯ ಮಕ್ಕಳನ್ನೂ ಬಿಡುತ್ತಿರಲಿಲ್ಲ. ಟಪಾಲು ತಂದವನ ರೆಪ್ಪೆಯನ್ನೂ ಒಮ್ಮೆ ಎಳೆದಳೆಂದು ನಮ್ಮಪ್ಪ ಹೇಳುತ್ತಿದ್ದರು. ಅದು ನಿಜವೋ ಅಪ್ಪನ ಸೇರ್ಪಡೆಯೋ ಗೊತ್ತಿಲ್ಲ. ಅವ್ವನದು ಬೇರೆ ದಾರಿ. ಹಿತ್ತಿಲಿನ ಗಿಡಕ್ಕೆ ಏನೇ ಆಗಲಿ ಅವಳು ಬಚ್ಚಲ ಒಲೆಯ ಬೂದಿ ಹಾಕುತ್ತಿದ್ದಳು. ಹಳೆಯ ಧೋತರದ ತುಂಡಿನಲ್ಲಿ ಬೂದಿ ಕಟ್ಟಿ ನಮ್ಮ ಕೈಗೆ ಕೊಡುತ್ತಿದ್ದಳು. ಮಂಜು ಆರುವ ಮೊದಲು ಬದನೆ, ಅವರೆಗಳ ಮೇಲೆ ಆ ಗಂಟನ್ನು ತಟ್ಟುತ್ತ ಹೋಗುವುದು ನಮ್ಮ ಕೆಲಸ. ಮೂಗಿಗೆ ಬೂದಿ ಹೋಗಿ ಸೀನುತ್ತ, ಬೆಳ್ಳಗಿನ ಕೈಯಲ್ಲೇ ಶಾಲೆಗೆ ಓಡುತ್ತಿದ್ದೆವು. ಬೂದಿಗೆ ಹೆದರದ ರೋಗ ಈ ಲೋಕದಲ್ಲಿ ಇಲ್ಲ ಎಂಬ ನಂಬಿಕೆ ನನಗೆ ಅಲ್ಲಿಂದಲೇ ಬಂದದ್ದು.

ನಾಗಪುರದ ರೈಲ್ವೆ ಕ್ವಾರ್ಟರ್ಸ್ ಹಳೆಯದು. ಗೋಡೆಯ ಗಾರೆ ಉದುರುತ್ತದೆ, ಆದರೆ ಹಿಂದೆ ಒಳ್ಳೆಯ ಹಿತ್ತಿಲಿದೆ. ಸೊಂಟದೆತ್ತರದ ಗೋಡೆಯ ಆಚೆ ಕಾಕೂನ ಹಿತ್ತಿಲು. ಕಾಕೂ ಎಂದರೆ ಪಕ್ಕದ ಮನೆಯವರು, ನನಗಿಂತ ಎಷ್ಟೋ ಹಿರಿಯರು. ಮನೆಮಾತು ಮರಾಠಿ, ಹುಟ್ಟಿ ಬೆಳೆದದ್ದು ಬೆಳಗಾವಿ, ಆದ್ದರಿಂದ ನನ್ನ ಜೊತೆ ಕನ್ನಡವೇ. ನಾನು ಈ ಊರಿಗೆ ಬಂದ ಹೊಸದರಲ್ಲಿ ಮಾತು ಬಾರದೆ, ತರಕಾರಿ ತರಲೂ ಹೆದರಿ ಮನೆಯಲ್ಲಿ ಕೂತು ಅಳುತ್ತಿದ್ದಾಗ, ಗೋಡೆಯ ಮೇಲಿನಿಂದ "ಏನ್ ಗ, ಯಾಕ ಅಳಾಕತ್ತಿ" ಎಂದು ಕೇಳಿಬಂದ ಕನ್ನಡ ಕಾಕೂನದು. ಆ ದಿನದ ಧ್ವನಿ ನನಗೆ ಇನ್ನೂ ಕಿವಿಯಲ್ಲಿದೆ. ಮೆಂತ್ಯಕ್ಕೆ ಮೇಥಿ ಎಂದು ಕೇಳಬೇಕೆಂಬುದರಿಂದ ಹಿಡಿದು ಮಗಳು ಹುಟ್ಟಿದಾಗಿನ ಬಾಣಂತನದ ಸ್ನಾನದವರೆಗೆ ನನಗೆ ಎಲ್ಲ ಕಲಿಸಿದವರು ಅವರೇ.

ಕಾಕೂ ಪ್ರತಿ ಚಳಿಗಾಲ ಆಲೂಗಡ್ಡೆ ಹಾಕುತ್ತಿದ್ದರು. ದೀಪಾವಳಿ ಮುಗಿಯುತ್ತಿದ್ದಂತೆ ನೆಟ್ಟು, ಶಿವರಾತ್ರಿಗೆ ಮೊದಲು ಅಗೆದು, ಬೇಯಿಸಿ ಹೆರೆದು, ಮಾಳಿಗೆಯ ಮೇಲೆ ಹಳೆಯ ಸೀರೆ ಹಾಸಿ ಒಣಗಿಸಿ ಕೀಸು ಮಾಡುತ್ತಿದ್ದರು. ಉಪವಾಸದ ದಿನ ಕರಿದು ತಿನ್ನುವ ಆ ಒಣ ಎಳೆಗಳು ಕಾಲನಿಯ ಪ್ರತಿ ಮನೆಗೂ ಒಂದೊಂದು ಡಬ್ಬಿ ಹೋಗಲೇಬೇಕು. ಹೋದ ಚಳಿಗಾಲದ ಬೆಳೆ ಅವರ ಕೊನೆಯ ಬೆಳೆಯಾಗಿತ್ತು. ಫೆಬ್ರವರಿ ಕೊನೆಗೆ ಅವರ ಯಜಮಾನರು, ನಮ್ಮ ಕಾಕಾ, ರೈಲ್ವೆಯಿಂದ ನಿವೃತ್ತರಾಗಿ, ಕ್ವಾರ್ಟರ್ಸ್ ಬಿಟ್ಟು ಸಾವನೇರ್‌ನಲ್ಲಿ ಕಟ್ಟಿಸಿದ ಮನೆಗೆ ಹೋಗುವವರಿದ್ದರು. "ಈ ವರ್ಷ ಎಲ್ಲಾರಿಗೂ ಡಬಲ್ ಕೊಟ್ಟ ಹೋಗೂದು, ಮುಂದ ಯಾರ ಕೊಡತಾರ ಇವರಿಗೆ" ಎಂದು ಕಾಕೂ ಆಗ ಉದ್ದಕ್ಕೆ, ಗೋಡೆಯ ತನಕ ಮಡಿ ಮಾಡಿ ಆಲೂಗಡ್ಡೆ ಹಾಕಿದರು. ಈಚೆ ನನ್ನ ಟೊಮ್ಯಾಟೊ, ಆಚೆ ಅವರ ಆಲೂಗಡ್ಡೆ. ಎರಡೂ ಒಂದೇ ಕುಲದವು, ಒಬ್ಬರ ನೆಗಡಿ ಇನ್ನೊಬ್ಬರಿಗೆ ಬರುತ್ತದೆ ಎಂಬುದು ಆಗ ನನಗೆ ಗೊತ್ತಿರಲಿಲ್ಲ.

ಡಿಸೆಂಬರಿನಲ್ಲಿ ನನ್ನ ಟೊಮ್ಯಾಟೊ ಗಿಡದ ಕೆಳಗಿನ ಎಲೆಗಳ ಮೇಲೆ ಕಂದು ಚುಕ್ಕೆ ಬಂದವು. ಧಾರವಾಡದಲ್ಲಿರುವ ನಮ್ಮ ವೈನಿ, ಎಂದರೆ ಅಣ್ಣನ ಹೆಂಡತಿ, ಕೃಷಿ ಓದಿ ಬಹಳ ವರ್ಷ ಪಾಠ ಹೇಳಿದವರು. ನಾನು ವಿಡಿಯೋ ಕಾಲ್ ಮಾಡಿ ಗಿಡದ ಮುಂದೆ ಫೋನ್ ಹಿಡಿದು ನಿಂತೆ.

"ಕೈ ನಡಗಸಬ್ಯಾಡ, ಎಲಿ ಕಾಣವಲ್ದು" ಎಂದರು ವೈನಿ. "ಹಾಂ. ಚುಕ್ಕಿ ಒಳಗ ಬಳಿ ಬಳಿ ಹಂಗ ಗೆರಿ ಅದಾವಿಲ್ಲೋ? ಸುತ್ತ ಹಳದಿ? ಇದು ಮುಂಚಿನ ಅಂಗಮಾರಿ. ಹಳೇ ಎಲಿಗೆ ಬರೂದು ಇದು."

"ಅಂಗಮಾರಿ ಅಂದ್ರ?" ಎಂದು ಕೇಳಿದೆ.

"ಹೆದರಬ್ಯಾಡ ಮಾರಾಯ್ತಿ. ಕೆಳಗಿನ ಎಲಿ ಚಿವುಟಿ ತಗದು ದೂರ ಒಗಿ. ನೀರು ಮ್ಯಾಲಿಂದ ಸುರೀಬ್ಯಾಡ, ಬುಡಕ್ಕ ಹಾಕು, ಮುಂಜಾನೆನ ಹಾಕು. ಗಿಡಕ್ಕ ಕೋಲು ಕಟ್ಟು, ಗಾಳಿ ಆಡಲಿ. ಇದು ನಿಧಾನದ ರೋಗ."

ಹಾಗೆಯೇ ಮಾಡಿದೆ. ಬುಡಕ್ಕೆ ಒಣ ಹುಲ್ಲು ಹರಡಿದೆ, ಮಣ್ಣು ಎಲೆಗೆ ಸಿಡಿಯದ ಹಾಗೆ. ಚುಕ್ಕೆ ಅಲ್ಲಿಗೇ ನಿಂತಿತು. ಗಿಡ ಕಾಯಿ ಬಿಟ್ಟಿತು, ಹಣ್ಣಾಯಿತು. ಒಂದು ರೋಗವನ್ನು ಗುರುತಿಸಿ ಗೆದ್ದವಳೆಂಬ ಹೆಮ್ಮೆ ನನ್ನ ತಲೆಗೇರಿತು. ಕಾಲನಿಯಲ್ಲಿ ಯಾರ ಮನೆಗೆ ಹೋದರೂ ಅವರ ಕುಂಡದ ಗಿಡ ನೋಡಿ ಸಲಹೆ ಕೊಡತೊಡಗಿದೆ. ಒಬ್ಬರ ಮನೆಯಲ್ಲಿ ಪ್ಲಾಸ್ಟಿಕ್ ಗಿಡಕ್ಕೂ ಕೊಟ್ಟೆನೆಂದು ನಮ್ಮವರು ಹೇಳುತ್ತಾರೆ. ಅದು ದೂರದಿಂದ ನಿಜವಾದ ಗಿಡದ ಹಾಗೆಯೇ ಇತ್ತು.

ಆ ಹೆಮ್ಮೆಯಲ್ಲೇ ವಾಣದ ಆಲೋಚನೆ ಹೊಳೆದದ್ದು. ಸಂಕ್ರಾಂತಿಯಿಂದ ರಥಸಪ್ತಮಿಯವರೆಗೆ ಇಲ್ಲಿ ಮನೆ ಮನೆಯಲ್ಲೂ ಅರಿಶಿನ ಕುಂಕುಮ ನಡೆಯುತ್ತದೆ. ಬಂದ ಮುತ್ತೈದೆಯರಿಗೆ ಎಳ್ಳುಂಡೆಯ ಜೊತೆ ಏನಾದರೊಂದು ವಸ್ತು ಕೊಡಬೇಕು. ಅದು ವಾಣ. ಯಾರೋ ಸ್ಟೀಲಿನ ಬಟ್ಟಲು ಕೊಡುತ್ತಾರೆ, ಯಾರೋ ಪ್ಲಾಸ್ಟಿಕ್ ಡಬ್ಬಿ, ಯಾರೋ ಬಾಚಣಿಗೆ. ವಾಣ ಎಂದರೆ ಬರಿಯ ಉಡುಗೊರೆಯಲ್ಲ. ಕುಂಕುಮ ಹಚ್ಚಿಸಿಕೊಂಡು ಸೆರಗೊಡ್ಡಿ ತೆಗೆದುಕೊಂಡದ್ದು ಅದು. ಬೇಡ ಎನ್ನಬಾರದು, ಕೊಟ್ಟವರು ಮತ್ತೆ ಕೇಳಬಾರದು, ಹಾಳು ಮಾಡಬಾರದು. ನಾನು ಈ ಸಲ ಎಲ್ಲರಿಗಿಂತ ಬೇರೆಯಾಗಿ, ನನ್ನ ಹಿತ್ತಿಲಿನ ಹಣ್ಣಿನ ಬೀಜದಿಂದಲೇ ಟೊಮ್ಯಾಟೊ ಸಸಿ ಮಾಡಿ ಕಾಗದದ ಕಪ್ಪಿನಲ್ಲಿ ಕೊಡುವುದೆಂದು ತೀರ್ಮಾನಿಸಿದೆ. ಕಪ್ಪುಗಳನ್ನು ಬಿಸಿಲು ತಾಗದಿರಲೆಂದು ದೊಡ್ಡ ಗಿಡಗಳ ನೆರಳಿನಲ್ಲೇ ಸಾಲಾಗಿ ಇಟ್ಟೆ. ಅದೇ ಅನಾಹುತಕ್ಕೆ ದಾರಿಯಾಯಿತು.

ಅರಿಶಿನ ಕುಂಕುಮ ಚೆನ್ನಾಗಿ ಆಯಿತು. ಪ್ರತಿ ಕಪ್ಪಿಗೂ ಅರಿಶಿನದ ಬೊಟ್ಟು, ಕುಂಕುಮದ ಬೊಟ್ಟು ಇಟ್ಟಿದ್ದೆ. ಎಳೆಯ ಸಸಿಗಳು ಹಸಿರಾಗಿ ನಿಂತಿದ್ದವು. ಹೆಂಗಸರು ಅಯ್ಯ ಎಷ್ಟು ಚಂದ ಎಂದು ಕೊಂಡಾಡಿದರು. ಕಾಕೂ ತಮ್ಮ ಕಪ್ಪನ್ನು ಎದೆಗವಚಿಕೊಂಡು, "ಇಷ್ಟ ವರ್ಷದಾಗ ಜೀವ ಇದ್ದ ವಾಣ ಯಾರೂ ಕೊಟ್ಟಿರಲಿಲ್ಲ ನೋಡ ಶಾಂತಾ" ಎಂದರು. ಆ ಮಾತು ನೆನೆದರೆ ಈಗಲೂ ನನಗೆ ಮುಜುಗರವಾಗುತ್ತದೆ.

ಅದಕ್ಕೆ ಒಂದೆರಡು ದಿನ ಮುಂಚೆ ಅಕಾಲದ ಮಳೆ ಬಂದಿತ್ತು, ಸ್ವಲ್ಪ ಆಲಿಕಲ್ಲೂ ಬಿದ್ದಿತ್ತು. ಆಮೇಲೆ ಮಂಜು. ಬೆಳಿಗ್ಗೆ ಎದ್ದರೆ ಎದುರಿನ ನೀರಿನ ಟ್ಯಾಂಕು ಕಾಣುತ್ತಿರಲಿಲ್ಲ, ಮಧ್ಯಾಹ್ನವಾದರೂ ಒಗೆದ ಬಟ್ಟೆ ಒಣಗುತ್ತಿರಲಿಲ್ಲ. ನಮ್ಮವರ ಮಫ್ಲರು, ನನ್ನ ಮೊಣಕಾಲು ನೋವು ಇವುಗಳ ಚಿಂತೆಯಲ್ಲಿ ನಾನಿದ್ದೆ. ವಾಣ ಕೊಟ್ಟ ಕೆಲವು ದಿನಕ್ಕೆ ದೊಡ್ಡ ಗಿಡಗಳ ಎಲೆಯ ಮೇಲೆ ಮತ್ತೆ ಕಲೆ ಕಂಡಿತು. ಈ ಸಲ ನಾನು ಹೆದರಲಿಲ್ಲ. ಹಳೇ ಗಿರಾಕಿ, ನಿಧಾನದ ರೋಗ, ವೈನಿ ಹೇಳಿದ್ದಾರಲ್ಲ ಎಂದು ಒಂದಿಷ್ಟು ಎಲೆ ಚಿವುಟಿದೆ. ಅವ್ವನನ್ನು ನೆನೆದು, ಬೂದಿ ಎಲ್ಲಿಂದಲೋ ತರಿಸಿ ಬಟ್ಟೆಯಲ್ಲಿ ಕಟ್ಟಿ ತಟ್ಟಿದೆ. ಮೂಗಿಗೆ ಹೋಗಿ ಸೀನು ಬಂತು, ಬಾಲ್ಯ ನೆನಪಾಗಿ ಮನಸ್ಸಿಗೆ ಹಿತವೆನಿಸಿತು. ಜೀವಮಾನದಲ್ಲಿ ಒಂದೇ ಒಂದು ಸಲ ನಾನು ಚಿಂತೆ ಮಾಡದೆ ಸುಮ್ಮನೆ ಕೂತೆ, ಅದೂ ಮಾಡಲೇಬೇಕಾದ ಹೊತ್ತಿನಲ್ಲಿ.

ಮತ್ತೆ ಒಂದು ಮಂಜಿನ ಬೆಳಿಗ್ಗೆ ಹಿತ್ತಿಲಿಗೆ ಹೋದರೆ ಗಿಡಗಳು ಬಿಸಿನೀರು ಸುರಿದಂತೆ ಜೋತುಬಿದ್ದಿದ್ದವು. ಕಲೆಯಲ್ಲಿ ಬಳೆಯಂಥ ಗೆರೆ ಇರಲಿಲ್ಲ. ಕಪ್ಪಗೆ, ನೀರು ಕುಡಿದ ಹಾಗೆ, ಅಂಚಿನಲ್ಲಿ ತಿಳಿ ಹಸಿರು. ಕೆಳಗಿನ ಎಲೆಗಷ್ಟೇ ಅಲ್ಲ, ಮೇಲಿನ ಚಿಗುರಿಗೂ ಬಂದಿತ್ತು. ದಂಟು ಕಂದಾಗಿತ್ತು. ಹಸಿರು ಕಾಯಿಗಳ ಹೆಗಲ ಮೇಲೆ ಎಣ್ಣೆ ಬಿದ್ದಂಥ ಕಂದು ಮಚ್ಚೆ. ಮತ್ತೆ ವೈನಿಗೆ ವಿಡಿಯೋ ಕಾಲ್ ಮಾಡಿದೆ.

"ಎಲಿ ತಿರುವು" ಎಂದರು ವೈನಿ. ತಿರುವಿದೆ. "ಹಿಂದ ಬಿಳೀ ಬೂಷ್ಟು ಐತೇನು?"

ಇತ್ತು. ಕಲೆಯ ಅಂಚಿಗೆ, ಹತ್ತಿ ಹಿಂಜಿ ಉಜ್ಜಿದಂತೆ ತೆಳ್ಳಗೆ ಬೆಳ್ಳಗೆ. ಫೋನನ್ನು ಇನ್ನೂ ಹತ್ತಿರ ಹಿಡಿದೆ. ವೈನಿಗೆ ಅರ್ಥವಾಯಿತು.

"ಇದು ಕಡೀದು, ತಡದ ಅಂಗಮಾರಿ. ಮಂಜು, ಥಂಡಿ ಇದ್ರ ಒಂದ ವಾರದಾಗ ಹಿತ್ತಲನ ಮುಗಸ್ತದ. ಆ ಬೂಷ್ಟು ಅಂದ್ರ ಅದರ ಬೀಜ ಇದ್ದಂಗ, ಗಾಳಿಗೆ ಹಾರತದ. ಬಂದ ಗಿಡ ಬೇರಿನ ಸಮೇತ ಕಿತ್ತು ಚೀಲದಾಗ ಕಟ್ಟು. ಗೊಬ್ಬರದ ಕುಣಿಗೆ ಹಾಕಬ್ಯಾಡ. ಸುಡು, ಇಲ್ಲಾ ಆಳಕ್ಕ ಹುಗಿ. ಬೂದಿ ಯಾರು ಹಾಕಿದ್ರು?"

ಆ ಪ್ರಶ್ನೆಗೆ ಉತ್ತರ ಕೊಡದೆ ನಾನು ಕೇಳಿದೆ: "ವೈನಿ, ಇದರ ನೆರಳಾಗ ಇಟ್ಟ ಸಸಿಗೆ ಹತ್ತಿರತದೇನ್ರಿ? ಅವು ನೋಡಾಕ ಚಲೋ ಇದ್ವು."

"ಒಳಗ ಹೊಕ್ಕು ನಾಕೈದ ದಿನ ಏನೂ ತೋರಸೂದಿಲ್ಲ ಅದು. ಎಲ್ಲಿ ಅದಾವ ಆ ಸಸಿ?"

ಕಾಲನಿಯ ತುಂಬ ಇದ್ದವು. ನಾನೇ ಕುಂಕುಮ ಹಚ್ಚಿ, ಎಳ್ಳುಂಡೆ ಕೊಟ್ಟು, ನಮಸ್ಕಾರ ಮಾಡಿ ಮನೆ ಮನೆಗೆ ಕಳಿಸಿದ್ದೆ.

ನಮ್ಮವರಿಗೆ ಹೇಳಿದಾಗ ಅವರು ಮೊದಲು ನಕ್ಕರು. ಆಮೇಲೆ ನನ್ನ ಮುಖ ನೋಡಿ, "ಹೋಗಿ ಇದ್ದದ್ದು ಹೇಳಿ ಬಾ. ಇಲ್ಲಂದ್ರ ನೀ ಇವತ್ತ ಊಟಾನೂ ಮಾಡಾಂಗಿಲ್ಲ" ಎಂದರು. ಹೇಳುವುದು ಸುಲಭವೆ? ವಾಣ ಕೊಟ್ಟು ಎರಡು ವಾರ ಕಳೆದಿಲ್ಲ, ಮುತ್ತೈದೆಯ ಬಾಗಿಲಲ್ಲಿ ನಿಂತು ನಾನು ಕೊಟ್ಟದ್ದನ್ನು ಕಿತ್ತು ಸುಡಿ ಎಂದು ಹೇಗೆ ಹೇಳುವುದು? ಮನೆಯಿಂದ ಹೊರಡುವಾಗ ಚಪ್ಪಲಿ ಅದಲು ಬದಲು ಹಾಕಿಕೊಂಡಿದ್ದೆ. ಅದು ತಿಳಿದದ್ದು ಮೂರನೆಯ ಮನೆಯ ಹೊತ್ತಿಗೆ.

ಆದರೆ ಮೊದಲ ಮನೆಯಲ್ಲೇ ನನ್ನ ಸಸಿ ಸತ್ತಿತ್ತು. ನೀರು ಹಾಕಲು ಮರೆತೆವು ಎಂದು ಅವರು ಸಂಕೋಚದಿಂದ ಹೇಳಿದರು. ನಾನು ಅವರ ಕೈ ಹಿಡಿದು, ಬಹಳ ಒಳ್ಳೆಯದಾಯಿತು, ಬಹಳ ಉಪಕಾರವಾಯಿತು ಎಂದೆ. ಅವರು ನನ್ನನ್ನು ಒಂದು ಥರ ನೋಡಿದರು. ಎರಡನೆಯ ಮನೆಯಲ್ಲಿ ಅದನ್ನು ಟಿ.ವಿ. ಪಕ್ಕ ಅಲಂಕಾರಕ್ಕೆ ಇಟ್ಟಿದ್ದರು; ಬಿಸಿಲಿಲ್ಲದೆ ಬಿಳಿಚಿ ಬಾಗಿತ್ತು. ಕಾರಣ ಹೇಳಿ ಕೇಳಿದ್ದಕ್ಕೆ ಹಿಂದೆ ಮುಂದೆ ನೋಡಿ, ನೀವೇ ಒಯ್ಯಿರಿ, ನಾನು ಕೊಟ್ಟೆ ಅಂತ ಅನ್ನಬೇಡಿ ಎಂದರು. ನನ್ನ ಎದೆ ಸ್ವಲ್ಪ ಹಗುರವಾಯಿತು. ನನ್ನ ವಾಣವನ್ನು ಜನ ಇಷ್ಟು ಅಸಡ್ಡೆ ಮಾಡಿದರಲ್ಲ ಎಂದು ಬೇಜಾರೂ ಆಯಿತು. ಆತಂಕದ ನಡುವೆಯೂ ಮನುಷ್ಯರಿಗೆ ಇಂಥ ಬೇಜಾರಿಗೆ ಹೊತ್ತು ಸಿಗುತ್ತದೆ.

ಮೂರನೆಯ ಮನೆಯವರು ಮಹಡಿಯವರು. "ಅಯ್ಯೋ, ನಮ್ಮಲ್ಲಿ ಜಾಗ ಎಲ್ಲಿದೆ? ವಾಣ ಬಿಸಾಡಬಾರದಲ್ಲ, ಅದಕ್ಕೆ ಕಾಕೂಗೆ ಕೊಟ್ಟುಬಿಟ್ಟೆ. ಅವರ ಹಿತ್ತಿಲು ದೊಡ್ಡದು" ಎಂದರು. ಅವರ ಎದುರು ಮನೆಯವರೂ ಅದನ್ನೇ ಹೇಳಿದರು. ಮುಂದಿನ ಸಾಲಿನಲ್ಲಿ ಕೇಳಿದರೆ ಅಲ್ಲಿಯೂ ಅದೇ. ಜೀವ ಇದ್ದ ವಾಣ, ಎಸೆಯಲಾಗದು, ಬೆಳೆಸಲು ಬಾರದು; ಎಲ್ಲರಿಗೂ ಕಾಕೂ ನೆನಪಾಗಿದ್ದರು. ಇಡೀ ಕಾಲನಿಗೆ ಹಂಚಿದ ರೋಗವನ್ನು ಕಾಲನಿಯವರು ಒಟ್ಟುಗೂಡಿಸಿ ತಂದು ಆ ಒಬ್ಬ ಹೆಂಗಸಿನ ಆಲೂಗಡ್ಡೆ ಮಡಿಯ ಪಕ್ಕ ಇಟ್ಟಿದ್ದರು.

ಕಾಕೂನ ಹಿತ್ತಿಲ ಬಾಗಿಲು ತೆರೆದೇ ಇತ್ತು. ಮಂಜಿನಲ್ಲಿ ಇಷ್ಟು ದಿನ ನಾನು ಗೋಡೆಯಾಚೆ ಕಣ್ಣು ಹಾಯಿಸಿಯೇ ಇರಲಿಲ್ಲ. ಕಾಗದದ ಕಪ್ಪುಗಳು ಮಡಿಯ ಉದ್ದಕ್ಕೂ ಸಾಲಾಗಿ, ಕುಂಕುಮದ ಬೊಟ್ಟಿನ ಸಮೇತ ಇದ್ದವು. ತಮ್ಮದೊಂದನ್ನು ಮಾತ್ರ ಅವರು ಮಡಿಯ ತಲೆಯಲ್ಲಿ, ತುಳಸಿಗೆ ಕೊಡುವ ಮರ್ಯಾದೆ ಕೊಟ್ಟು ನೆಟ್ಟು, ಸುತ್ತ ಇಟ್ಟಿಗೆ ಜೋಡಿಸಿದ್ದರು. ಸಸಿಗಳ ಎಲೆ ಕಪ್ಪಾಗಿತ್ತು. ನಾನು ಬಗ್ಗಿ ಆಲೂಗಡ್ಡೆಯ ಒಂದು ಎಲೆ ತಿರುವಿದೆ. ಇನ್ನೊಂದು ತಿರುವಿದೆ. ಗೋಡೆಯಿಂದ ಅರ್ಧ ಮಡಿಯ ತನಕ ತಿರುವಿದ ಎಲೆಗಳ ಬೆನ್ನೆಲ್ಲ ಬೆಳ್ಳಗಾಗಿತ್ತು. ಅಲ್ಲೇ ಮಣ್ಣಿನಲ್ಲಿ ಕೂತುಬಿಟ್ಟೆ.

ಕಾಕೂ ಕೈ ಒರೆಸಿಕೊಳ್ಳುತ್ತ ಹೊರಗೆ ಬಂದರು. ನಾನು ಎಲ್ಲ ಹೇಳಿದೆ: ನೆರಳಿಗೆ ಇಟ್ಟದ್ದು, ಕಲೆ ಕಂಡೂ ಬೂದಿ ತಟ್ಟಿ ಕೂತದ್ದು, ಮನೆ ಮನೆ ಸುತ್ತಿದ್ದು. ಮಾತು ಮುಗಿಯುವಷ್ಟರಲ್ಲಿ ಅಳು ಬಂದಿತ್ತು. ಅವರು ಬಗ್ಗಿ ತಾವೂ ಒಂದು ಎಲೆ ತಿರುವಿ ನೋಡಿದರು, ಕನ್ನಡಕ ಮೇಲೆ ಮಾಡಿ ಮತ್ತೆ ನೋಡಿದರು. ಎಲೆಯನ್ನು ಮೆಲ್ಲಗೆ ಕೆಳಗೆ ಬಿಟ್ಟರು. ಬೈದಿದ್ದರೆ ವಾಸಿ ಇತ್ತು.

"ಕೀಸು ಆಗೂದಿಲ್ಲೇನು ಹಂಗಾರ?" ಎಂದರು ಕೊನೆಗೆ. ಅವರ ಧ್ವನಿ ಸಣ್ಣದಾಗಿತ್ತು. ಅದನ್ನು ಕೇಳಿ ನನಗೆ ತಡೆಯಲಾಗಲಿಲ್ಲ, ಅಲ್ಲಿಂದಲೇ ವೈನಿಗೆ ಫೋನ್ ಹಚ್ಚಿದೆ.

ವೈನಿ ಹೇಳಿದ್ದು ಇಷ್ಟು. ಗಡ್ಡೆ ಬಲಿತಿವೆ, ಆದ್ದರಿಂದ ಆಸೆ ಬಿಡಬೇಡಿ. ಇವತ್ತೇ ಮಡಿಯ ಹಸಿರನ್ನೆಲ್ಲ, ಚೆನ್ನಾಗಿ ಕಾಣುವುದನ್ನೂ ಸೇರಿಸಿ, ನೆಲಮಟ್ಟಕ್ಕೆ ಕೊಯ್ದು ಹೊರಗೆ ಹಾಕಿ. ಎಲೆಯಿಂದ ಮಣ್ಣಿಗೆ, ಮಣ್ಣಿನಿಂದ ಗಡ್ಡೆಗೆ ಇಳಿಯುವ ಮೊದಲು ಕೊಯ್ಯಬೇಕು. ಬಿರುಕು ಬಿಟ್ಟ ಕಡೆ ಮಣ್ಣು ಏರಿಸಿ. ಆದರೆ ಈಗಲೇ ಅಗೆಯಬೇಡಿ. ಎರಡು ವಾರ ಹಾಗೇ ಬಿಟ್ಟರೆ ಸಿಪ್ಪೆ ಗಟ್ಟಿಯಾಗುತ್ತದೆ, ಮೇಲಿನ ಬೂಷ್ಟು ಸಾಯುತ್ತದೆ. ಒಣ ದಿನ ನೋಡಿ ಅಗೆಯಿರಿ. "ಮತ್ತ ಶಾಂತಾ, ಗಾಳಿಗೆ ಬಂತೋ ನಿನ್ನ ಕಪ್ಪಿನಿಂದ ಬಂತೋ ಯಾರಿಗೂ ಹೇಳಾಕ ಬರೂದಿಲ್ಲ. ಇಂಥಾ ಮಂಜಿನಾಗ ಊರೆಲ್ಲಾ ಇರತದ ಅದು" ಎಂದೂ ಸೇರಿಸಿದರು. ಸಮಾಧಾನ ಮಾಡಲೆಂದೇ ಹೇಳಿದ್ದು. ಯಾರಿಗೂ ಹೇಳಲು ಬಾರದ ವಿಷಯದಲ್ಲಿ ನನಗೆ ಸಮಾಧಾನ ಎಲ್ಲಿಂದ ಬರಬೇಕು?

ಕುಡುಗೋಲು ಬಂತು, ಆದರೆ ಸಸಿಗಳ ಮಾತು ಬಂದಾಗ ಕಾಕೂ ತಡೆದರು. ಆಲೂಗಡ್ಡೆ ತಮ್ಮದು, ಕೊಯ್ಯಬಹುದು. ವಾಣವನ್ನು ಕೀಳುವುದು ಹೇಗೆ? ಅದೂ ತಮ್ಮದೊಂದೇ ಅಲ್ಲ, ಊರ ಮುತ್ತೈದೆಯರದು. ಸೆರಗಿನ ತುದಿ ಬೆರಳಿಗೆ ಸುತ್ತಿಕೊಳ್ಳುತ್ತ ಯೋಚಿಸಿದರು. ಒಂದೊಂದು ಕ್ಷಣಕ್ಕೂ ಬೂಷ್ಟು ಹಾರುತ್ತಿದೆ ಎಂದೇ ನನ್ನ ಲೆಕ್ಕ.

"ಗಣಪತಿನ ಪ್ರತಿ ವರ್ಷ ನಾವ ಕೈಯಾರೆ ನೀರಾಗ ಬಿಡತೇವಲ್ಲ" ಎಂದರು ಆಮೇಲೆ. "ಹಂಗ ಮಾಡೂಣು."

ಒಳಗಿನಿಂದ ಅರಿಶಿನ ಕುಂಕುಮದ ಬಟ್ಟಲು, ಸ್ವಲ್ಪ ಮೊಸರು ಅನ್ನ ತಂದರು. ಪ್ರತಿ ಕಪ್ಪಿಗೂ ಕುಂಕುಮ ಏರಿಸಿ, ಮೊಸರನ್ನದ ಅಗುಳಿಟ್ಟು, ನೀರಿಗೆ ಬಿಡುವ ಮೊದಲು ಗಣಪತಿಯನ್ನು ಕದಲಿಸುವ ಹಾಗೆ ಕಪ್ಪನ್ನು ಸ್ವಲ್ಪ ಅಲುಗಿಸಿದರು. ಗಣಪತಿಗಾದರೆ ಮುಂದಿನ ವರ್ಷ ಜಲ್ದಿ ಬಾ ಎನ್ನಬೇಕು. ಕಾಕೂ ಕೈ ಮುಗಿದು, "ಹೋಗಿ ಬಾ ಅಂತ ಅನ್ನೂದಿಲ್ಲ ನಿನಗ. ಹೋಗು, ಬರಬ್ಯಾಡ" ಎಂದರು. ನನಗೆ ಅಳುವಿನ ನಡುವೆ ನಗು ಬಂತು. ಅವರಿಗೂ ಬಂತು. ಇಬ್ಬರೂ ನಗುತ್ತಲೇ ಅವರು ನೆಟ್ಟಿದ್ದ ಸಸಿಯನ್ನೂ ಕಿತ್ತು ಕಪ್ಪುಗಳ ಜೊತೆ ಚೀಲಕ್ಕೆ ತುಂಬಿದೆವು, ಹಸಿರಾಗಿದ್ದ ಅರ್ಧ ಮಡಿಯನ್ನು ಕೊಯ್ಯುವಾಗ ಮಾತ್ರ ನಗು ನಿಂತಿತು. ಬೇಲಿಯಾಚೆ ಎಲ್ಲವನ್ನೂ ಸುಟ್ಟೆವು. ಹಸಿ ಸೊಪ್ಪು ಹೊಗೆಯಾಡುತ್ತ ಸಂಜೆಯವರೆಗೂ ಉರಿಯಿತು.

ಮರುದಿನ ಎಲೆಗೆ ಹೊಡೆಯುವ ಔಷಧಿಗಾಗಿ ಮೈಲುತುತ್ತ ಹುಡುಕಿಕೊಂಡು ಹೋದೆ. ನನ್ನ ಹಿತ್ತಿಲಿನ ಆಚೆ ಮೂಲೆಯಲ್ಲಿ ಇನ್ನೂ ರೋಗ ತಾಗದ ನಾಲ್ಕಾರು ಗಿಡಗಳಿದ್ದವು. ರೋಗ ಬಂದ ಮೇಲೆ ಇದು ಗುಣ ಮಾಡುವುದಿಲ್ಲ, ಬಾರದ ಎಲೆಗೆ ಹಾಕುವ ಅಂಗಿ ಇದು ಎಂದಿದ್ದರು ವೈನಿ. ಪ್ಲಾಸ್ಟಿಕ್ ಬಕೀಟಿನಲ್ಲಿ ಮೈಲುತುತ್ತ, ಇನ್ನೊಂದರಲ್ಲಿ ಅದರ ಸಮ ತೂಕದ ಸುಣ್ಣ, ಎರಡನ್ನೂ ಸೇರಿಸಿದಾಗ ಆಕಾಶದ ಬಣ್ಣ ಬಂತು. ಹದ ನೋಡಲು ಕಬ್ಬಿಣದ ಚೂರಿ ಅದ್ದಬೇಕು, ಚೂರಿಗೆ ತಾಮ್ರದ ಬಣ್ಣ ಹತ್ತಿದರೆ ಸುಣ್ಣ ಸಾಲದು. ನಾನು ಅದೆಷ್ಟು ಸಲ ಅದ್ದಿದೆನೆಂದರೆ ನಮ್ಮವರು ಚೂರಿಯನ್ನೇ ಕಸಿದುಕೊಂಡು, ಸಾಕು, ಇನ್ನು ಹೊಡಿ ಎಂದರು. ಎಲೆಯ ಮೇಲೂ ಹೊಡೆದೆ, ಬೆನ್ನಿಗೂ ಹೊಡೆದೆ, ಗೋಡೆಗೂ ಸ್ವಲ್ಪ ಹೊಡೆದೆ. ಆ ನೀಲಿ ಕಲೆ ಗೋಡೆಯ ಮೇಲೆ ಈಗಲೂ ಇದೆ.

ಅಗೆಯಲು ಕಾದ ಆ ಎರಡು ವಾರ ನನಗೆ ನಿದ್ದೆ ಸರಿಯಾಗಿ ಬರಲಿಲ್ಲ. ಬೋಳು ಮಡಿ ಅಡಿಗೆಮನೆಯ ಕಿಟಕಿಯಿಂದ ಕಾಣುತ್ತಿತ್ತು. ಮಣ್ಣಿನ ಒಳಗೆ ಏನು ನಡೆದಿದೆಯೋ ಗೊತ್ತಿಲ್ಲ, ತಿರುವಿ ನೋಡೋಣವೆಂದರೆ ನೆಲಕ್ಕೆ ಬೆನ್ನಿಲ್ಲ. ಮೋಡ ಕಂಡರೆ ಗೋಡೆಯ ಬಳಿ ಹೋಗಿ ನಿಲ್ಲುತ್ತಿದ್ದೆ. ಒಂದು ಕಡೆ ಸ್ವಲ್ಪ ಕೆದರಿ ನೋಡಲೇ ಎಂದು ಕೇಳಿದ್ದಕ್ಕೆ ವೈನಿ ಗದರಿದರು. ಕಾಕೂ ಮಾತ್ರ ಪಾತ್ರೆ ಪಗಡೆ ಕಟ್ಟುವ ಕೆಲಸದಲ್ಲಿದ್ದರು. ನಾನು ಗೋಡೆಯ ಬಳಿ ನಿಂತದ್ದು ಕಂಡರೆ, "ಏನ್ ಗ, ಬಟಾಟಿಗೆ ಕಾವಲ ನಿಂತೀಯೇನು" ಎನ್ನುತ್ತಿದ್ದರು. ಆದರೆ ಒಂದು ಬೆಳಿಗ್ಗೆ ನಾನು ಬೇಗ ಎದ್ದು ಕಿಟಕಿಯಲ್ಲಿ ನೋಡಿದಾಗ, ಮಡಿಯ ಪಕ್ಕ ಅವರೂ ಒಬ್ಬರೇ ನಿಂತು ನೆಲ ನೋಡುತ್ತಿದ್ದರು.

ಅಗೆದ ದಿನ ಬಿಸಿಲಿತ್ತು. ಕಾಕಾ ಗುದ್ದಲಿ ಹಿಡಿದರು, ನಾವಿಬ್ಬರೂ ಕೂತು ಹೆಕ್ಕಿದೆವು. ಮೊದಲ ಬುಡದಲ್ಲಿ ಬಂದದ್ದು ಚೊಕ್ಕವಾಗಿತ್ತು. ಎರಡನೆಯದರಲ್ಲಿ ಸಿಪ್ಪೆಯ ಮೇಲೆ ಒಳಕ್ಕೆ ಕುಸಿದ ನೇರಳೆ ಕಂದು ಮಚ್ಚೆ. ಉಗುರಿನಿಂದ ಕೆರೆದರೆ ಒಳಗೆ ತುಕ್ಕಿನ ಬಣ್ಣ. ಆಚೆ ತುದಿಯಲ್ಲಿ ಪರವಾಗಿರಲಿಲ್ಲ. ಗೋಡೆಯ ಕಡೆ ಬಂದಂತೆ ಕಲೆ ಹೆಚ್ಚಾಗುತ್ತ ಹೋಯಿತು, ಕೆಲವು ಕೈಯಲ್ಲೇ ಹಿಸುಕಿಹೋದವು. ಒಟ್ಟಿನಲ್ಲಿ ಅರ್ಧಕ್ಕರ್ಧ ಕಲೆ. ಕಲೆ ಇದ್ದವನ್ನು ಇಡಲು ಬಾರದು, ಬೀಜಕ್ಕಂತೂ ಒಂದನ್ನೂ ಇಡಬಾರದು. ಕೀಸಿಗಾಗಿ ಕಾಲನಿಯ ಹೆಂಗಸರು ತಮ್ಮ ತಮ್ಮ ಚೂರಿ ಹಿಡಿದು ಬಂದು ಅಂಗಳದಲ್ಲಿ ಕೂತು ಕಲೆ ಕೆತ್ತಿ ತೆಗೆದರು. ಕೆತ್ತಿ ಮುಗಿಯದೆ ಉಳಿದ ಒಂದು ಬುಟ್ಟಿಯನ್ನು, ಚೊಕ್ಕದ್ದು ಕಲೆಯದ್ದು ಕೂಡಿದ ಹಾಗೇ, ಕಾಕೂ ತಮ್ಮ ಅಡಿಗೆಗೆ ಎತ್ತಿಟ್ಟುಕೊಂಡರು. ಮಾಳಿಗೆಯ ಮೇಲೆ ಯಾವಾಗಲೂ ಆರೇಳು ಸೀರೆ ಹಾಸುತ್ತಿದ್ದ ಕಡೆ ಆ ವರ್ಷ ಎರಡೇ ಸೀರೆ. ಡಬಲ್ ಕೊಡುತ್ತೇನೆಂದವರು ಮನೆಗೊಂದು ಮುಷ್ಟಿ ಕೊಟ್ಟರು. ನನ್ನ ಮನೆಗೆ ಕೊಡಲೇ ಇಲ್ಲ. ಮರೆತಿರಬೇಕು, ಇಲ್ಲ ಸಿಟ್ಟು ಒಳಗೇ ಇರಬೇಕು ಎಂದು ನಾನು ಎರಡೂ ಕಡೆಯಿಂದ ಕೊರಗಿದೆ. ನಮ್ಮವರು ಈ ಸಲ ಏನೂ ತಮಾಷೆ ಮಾಡಲಿಲ್ಲ.

ಹೊರಡುವ ದಿನ ಟೆಂಪೋಗೆ ಸಾಮಾನು ಏರಿಸಿ ಆದ ಮೇಲೆ ಕಾಕೂ ನನ್ನನ್ನು ಕರೆದರು. ಖಾಲಿ ಕೋಣೆಯಲ್ಲಿ ಒಂದು ಮಣೆ ಮಾತ್ರ ಉಳಿದಿತ್ತು. ನನ್ನನ್ನು ಅದರ ಮೇಲೆ ಕೂರಿಸಿ ಕುಂಕುಮ ಹಚ್ಚಿ ಉಡಿ ತುಂಬಿದರು. ರವಿಕೆ ಕಣ, ಅಕ್ಕಿ, ತೆಂಗಿನಕಾಯಿ, ಅದರ ಜೊತೆ ಹಣ್ಣಿಡುವ ಕಡೆ ಹಿತ್ತಿಲಿನ ಆಲೂಗಡ್ಡೆ. ತೊಳೆದು ಒರೆಸಿ ಇಟ್ಟಿದ್ದರು.

"ಕೀಸು ಎಲ್ಲಾರಿಗೂ ಕೊಟ್ಟೆ. ನಿನಗ ಇದು" ಎಂದರು. ನನ್ನ ಕೈ ಸೆರಗಿನ ಒಳಗೆ ಆಗಲೇ ಚಡಪಡಿಸುತ್ತಿತ್ತು. ಅವರು ನನ್ನ ಮುಖವನ್ನೇ ನೋಡುತ್ತಿದ್ದರು. ಇಷ್ಟು ವರ್ಷದಲ್ಲಿ ಆ ಮುಖದಲ್ಲಿ ಅಂಥ ಕಾತರ ನಾನು ನೋಡಿರಲಿಲ್ಲ. ನಾನು ಒಂದನ್ನೂ ತಿರುವಿ ನೋಡದೆ ಸೆರಗು ಬಿಗಿಯಾಗಿ ಕಟ್ಟಿಕೊಂಡು ಅವರ ಕಾಲಿಗೆ ನಮಸ್ಕಾರ ಮಾಡಿದೆ.

ಸುಳ್ಳೇಕೆ ಹೇಳಲಿ, ಟೆಂಪೋ ತಿರುವಿನಲ್ಲಿ ಮರೆಯಾದದ್ದೇ ತಡ, ಅಡಿಗೆಮನೆಗೆ ಓಡಿ ದೀಪ ಹಾಕಿ ಒಂದೊಂದಾಗಿ ತಿರುವಿ ನೋಡಿದೆ. ಉಗುರಿನಿಂದ ಕೆರೆದೆ. ಕೊಯ್ದೂ ನೋಡಿದೆ. ಒಂದರಲ್ಲೂ ಒಂದು ಕಲೆ ಇರಲಿಲ್ಲ. ನಾವಿಬ್ಬರೇ ಕೂತು ಹೆಕ್ಕಿದ ಬೆಳೆ ಅದು, ಎರಡರಲ್ಲಿ ಒಂದಕ್ಕೆ ಕಲೆ ಇತ್ತೆಂದು ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಅವರೂ ಸಾಮಾನು ಕಟ್ಟುವ ಗಡಿಬಿಡಿಯಲ್ಲಿ ಆ ಬುಟ್ಟಿ ಮುಂದಿಟ್ಟುಕೊಂಡು ಕೂತು, ಒಂದೊಂದನ್ನೂ ತಿರುವಿ ತಿರುವಿ ನೋಡಿ, ಚೊಕ್ಕವಾದದ್ದನ್ನಷ್ಟೇ ನನಗೆ ಎತ್ತಿಟ್ಟಿದ್ದರು. ಕಲೆ ಇದ್ದವು ಟೆಂಪೋದಲ್ಲಿ ಅವರ ಜೊತೆ ಸಾವನೇರ್‌ಗೆ ಹೋಗಿದ್ದವು.